ಆವೇದನ ವಿಚಾರ: ದೂರನ್ನು ನುಂಗುವುದೂ ದೂರನ್ನು ಹುಟ್ಟಿಸುವುದೂ

೧

ದೂರೆಂಬ ಕನ್ನಡ ಮಾತಿಗೆ ಸಮನಾಗಿ ಧರ್ಮಶಾಸ್ತ್ರಕಾರರು ಬಳಸಿರುವ ಪದವು ಆವೇದನವೆಂಬುದು. ಸ್ಮೃತಿಗೂ ಆಚಾರಕ್ಕೂ ವಿರುದ್ಧವಾದ ರೀತಿಯಲ್ಲಿ ಪರರಿಂದ ಬಾಧಿತನಾದವನು ತನ್ನ ಬಾಧೆಯನ್ನು ರಾಜನಲ್ಲಿ ಅರಿಕೆ ಮಾಡಿಕೊಂಡರೆ ಅದು ವ್ಯವಹಾರಕ್ಕೆ ವಿಷಯವಾಗುವುದೆಂದು ಯಾಜ್ಞವಲ್ಕ್ಯಸ್ಮೃತಿಯ ವ್ಯವಹಾರಾಧ್ಯಾಯವು ಆರಂಭದಲ್ಲಿಯೇ ಹೇಳುವುದು. ಅನ್ಯಾಯವು ನಡೆದ ಮಾತ್ರಕ್ಕೆ ವ್ಯವಹಾರವು ಹುಟ್ಟಲಾರದು. ನೊಂದವನು ಹೇಳಬೇಕು, ಅಧಿಕಾರವುಳ್ಳವನು ಕೇಳಬೇಕು. ಈ ಹೇಳಿಕೆ ಕೇಳಿಕೆಗಳ ನಡುವಣ ಬಾಗಿಲನ್ನು ಕಾಯುವವನು ರಾಜಪುರುಷನು.

ಆ ಬಾಗಿಲಲ್ಲಿ ಸಂಭವಿಸಬಹುದಾದ ದೋಷಗಳನ್ನು ಮನುಸ್ಮೃತಿಯ ೮ನೆಯ ಅಧ್ಯಾಯದ ೪೩ನೆಯ ಶ್ಲೋಕವು ಎರಡಾಗಿ ವಿಂಗಡಿಸಿ ನಿಷೇಧಿಸಿದೆ. ರಾಜನಾಗಲಿ ಆತನ ಪುರುಷನಾಗಲಿ ತಾನಾಗಿಯೇ ವ್ಯಾಜ್ಯವನ್ನು ಹುಟ್ಟಿಸಕೂಡದು ಎಂಬುದೊಂದು. ಮತ್ತೊಬ್ಬನು ತಂದೊಪ್ಪಿಸಿದ ಕಾರ್ಯವನ್ನು ಅಡಗಿಸಕೂಡದು ಎಂಬುದಿನ್ನೊಂದು. ಎರಡನೆಯ ನಿಷೇಧದಲ್ಲಿ ಬಂದಿರುವ ಧಾತು 'ಗ್ರಸ್' ಎಂಬುದು. ನುಂಗುವುದೆಂದು ಅದರ ಅರ್ಥ. ಪಂಚಾಂಗದಲ್ಲಿ ಗ್ರಸ್ತೋದಯ ಗ್ರಸ್ತಾಸ್ತಗಳೆಂದು ಹೇಳುವಾಗ ರಾಹುವಿನ ಬಾಯಿಗೆ ಸಿಕ್ಕಿದ ಬಿಂಬವನ್ನು ಸೂಚಿಸುವುದೂ ಈ ಧಾತುವೇ. ಛಲ ಅಪರಾಧ ಮುಂತಾದ ಕೆಲವನ್ನು ಆವೇದನವಿಲ್ಲದೆಯೂ ರಾಜನು ವಿಚಾರಿಸಬಹುದೆಂದು ನಿಬಂಧಕಾರರು ವಿನಾಯಿತಿ ಹೇಳಿರುವರಾದರೂ ಸಾಮಾನ್ಯವಿಧಿಗೆ ಅದರಿಂದ ಬಾಧೆಯಿಲ್ಲ.

ಈಗಿನ ಕಾಲದಲ್ಲಿ ಪೊಲೀಸರ ವಿಷಯವಾಗಿ ಜನರು ಆಡಿಕೊಳ್ಳುವ ಸಂಕಟಗಳನ್ನು ಪರಿಶೀಲಿಸಿದರೆ ಅವೂ ಬಹುಮಟ್ಟಿಗೆ ಈ ಎರಡರಲ್ಲಿಯೇ ಅಡಕವಾಗುವುವು. ಕೊಟ್ಟ ದೂರನ್ನು ಬರೆದುಕೊಳ್ಳಲಿಲ್ಲವೆಂಬುದು ಗ್ರಸನ. ಕಾರಣವಿಲ್ಲದೆ ಕರೆದು ಕೂರಿಸಿದರು, ಹೆದರಿಸಿದರು, ಸುಳ್ಳು ಮೊಕದ್ದಮೆ ಹೂಡಿದರೆಂಬುದು ಉತ್ಪಾದನ. ಈ ಎರಡು ದೋಷಗಳಿಗೆ ಪ್ರಕೃತ ಭಾರತದ ನ್ಯಾಯಾಲಯಗಳಲ್ಲಿ ಯಾವ ಪರಿಹಾರಗಳುಂಟು, ಅವನ್ನು ಯಾವ ಕ್ರಮದಿಂದ ಬೇಡತಕ್ಕದ್ದು ಎಂಬುದನ್ನು ವಿವರಿಸುವುದೇ ಈ ಲೇಖನದ ಉದ್ದೇಶವು.

೨

ನನ್ನ ಮನಸ್ಸನ್ನು ಈ ವಿಷಯದ ಕಡೆಗೆ ತಿರುಗಿಸಿದುದು ಒಂದು ಕಳವು. ನಮ್ಮ ಮನೆಯ ಅಟ್ಟದ ಪೆಟ್ಟಿಗೆಯಲ್ಲಿ ಮುತ್ತಜ್ಜನ ಕೈಬರಹದ ಮೂರು ಓಲೆಯ ಕಟ್ಟುಗಳಿದ್ದುವು. ಒಂದು ದಿನ ಬೀಗ ಮುರಿದಿತ್ತು, ಕಟ್ಟುಗಳಿರಲಿಲ್ಲ. ಠಾಣೆಗೆ ಹೋಗಿ ದೂರು ಕೊಟ್ಟಾಗ ಅಲ್ಲಿದ್ದ ಅಧಿಕಾರಿಯು ವಿನಯದಿಂದಲೇ, "ಹಳೆಯ ಓಲೆಗೆ ಬೆಲೆಯೇನು ಸ್ವಾಮಿ? ಐದು ಸಾವಿರ ರೂಪಾಯಿ ಬಾಳುವುದೆ?" ಎಂದು ಕೇಳಿದನು. ಮೂವತ್ತು ವರ್ಷ ಪಾಠ ಹೇಳಿದ ನನಗೆ ಉತ್ತರ ಹೊಳೆಯಲಿಲ್ಲ. ಬರಿಗೈಯಲ್ಲಿ ಹಿಂದಿರುಗಿದೆನು. ತಿಂಗಳು ಕಳೆದ ಮೇಲೆ ಎಪ್ಪತ್ತೆರಡು ವಯಸ್ಸಿನ ನಮ್ಮಣ್ಣನವರಿಗೆ ದೂರವಾಣಿಯಲ್ಲಿ ಕರೆ ಬಂದಿತು; ಅವರೇ ಕಟ್ಟುಗಳನ್ನು ಮಾರಿರಬಹುದೆಂಬ ಸಂದೇಹವಂತೆ. ಮೂರು ಸಲ ಅವರು ಠಾಣೆಯ ಬೆಂಚಿನ ಮೇಲೆ ಬೆಳಗಿನಿಂದ ಸಂಜೆಯವರೆಗೆ ಕುಳಿತು ಬಂದರು. ಹೀಗೆ ಒಂದೇ ಪ್ರಸಂಗದಲ್ಲಿ ಗ್ರಸನ ಉತ್ಪಾದನಗಳೆರಡನ್ನೂ ಕಂಡೆನು. ಆ ಮೇಲೆಯೇ ವಕೀಲಮಿತ್ರರೊಬ್ಬರ ಸಹಾಯದಿಂದ ಕಾನೂನಿನ ಗ್ರಂಥಗಳನ್ನು ತೆರೆದುದು.

೩

ಮೊದಲು ಪೂರ್ವಶಾಸ್ತ್ರಗಳ ನಿಲುವನ್ನು ಸಂಕ್ಷೇಪವಾಗಿ ನೋಡುವ. ೧೯೦೫ರಲ್ಲಿ ಮೈಸೂರಿನ ಪ್ರಾಚ್ಯಗ್ರಂಥಭಂಡಾರದಲ್ಲಿ ಆರ್. ಶಾಮಶಾಸ್ತ್ರಿಗಳು ಕಂಡುಹಿಡಿದು ೧೯೦೯ರಲ್ಲಿ ಅಚ್ಚು ಹಾಕಿಸಿದ ಕೌಟಿಲೀಯ ಅರ್ಥಶಾಸ್ತ್ರದಲ್ಲಿ ಕಂಟಕಶೋಧನವೆಂಬ ೪ನೆಯ ಅಧಿಕರಣವುಂಟು. ಅಧಿಕಾರಿಗಳ ತಪ್ಪುಗಳನ್ನು ಎಣಿಸುವ ಭಾಗದಲ್ಲಿ ನ್ಯಾಯಸ್ಥಾನದ ಲೇಖಕನನ್ನೂ ಕೌಟಿಲ್ಯನು ಬಿಟ್ಟಿಲ್ಲ. ಹೇಳಿದುದನ್ನು ಬರೆಯದ, ಹೇಳದುದನ್ನು ಬರೆಯುವ, ಅರ್ಥವನ್ನು ತಿರುಚುವ ಲೇಖಕನಿಗೆ ಅಲ್ಲಿ ದಂಡನೆ ಹೇಳಿದೆ. ದೂರಿನ ಪ್ರಾಣವು ಬರಹದಲ್ಲಿರುವುದೆಂಬುದನ್ನು ಆತನು ಚೆನ್ನಾಗಿ ಬಲ್ಲವನಾಗಿದ್ದನು.

ಕಲ್ಯಾಣದ ಚಾಳುಕ್ಯ ವಿಕ್ರಮಾದಿತ್ಯನ ಕಾಲದಲ್ಲಿ ನಮ್ಮ ನಾಡಿನಲ್ಲಿಯೇ ರಚಿತವಾದ ಮಿತಾಕ್ಷರೆಯಲ್ಲಿ ವಿಜ್ಞಾನೇಶ್ವರನು ಆಹ್ವಾನಕ್ಕೆ ಅನರ್ಹರಾದವರನ್ನು ಸ್ಮೃತ್ಯಂತರದಿಂದ ಉದ್ಧರಿಸಿ ಹೇಳಿರುವನು. ರೋಗಿಗಳು, ಬಾಲಕರು, ವೃದ್ಧರು, ವಿಪತ್ತಿನಲ್ಲಿರುವವರು ಮೊದಲಾದವರನ್ನು ರಾಜನು ಕರೆಯಿಸತಕ್ಕದ್ದಲ್ಲ. ಇದಲ್ಲದೆ ಆಸೇಧ, ಎಂದರೆ ಒಬ್ಬನನ್ನು ಅಲುಗದಂತೆ ತಡೆಯುವುದು, ಅದನ್ನು ಅನರ್ಹನ ಮೇಲೆ ಪ್ರಯೋಗಿಸಿದವನೇ ಶಿಕ್ಷಾರ್ಹನೆಂಬುದು ನಾರದನ ಮತ. ಕಳವಿನ ಸಂಬಂಧದಲ್ಲಿ ಯಾಜ್ಞವಲ್ಕ್ಯನು ಇನ್ನೂ ಮುಂದೆ ಹೋಗಿ, ಕಳ್ಳರು ಒಯ್ದ ದ್ರವ್ಯವನ್ನು ರಾಜನೇ ಪ್ರಜೆಗೆ ಕೊಡಬೇಕು, ಕೊಡದಿದ್ದರೆ ಆ ಪಾಪಕ್ಕೆ ಭಾಗಿಯಾಗುವನೆಂದು ವಿಧಿಸಿರುವನು.

ಆದರೆ ಹೊಣೆಯನ್ನು ಮಾತ್ರ ಹೊರಿಸಿ ಅಂಕೆಯನ್ನು ಇಡದಿದ್ದರೆ ಏನಾಗುವುದೆಂಬುದಕ್ಕೆ ಕನ್ನಡದ ಪ್ರಾಚೀನ ಗದ್ಯವೇ ಸಾಕ್ಷಿ. ವಡ್ಡಾರಾಧನೆಯ ವಿದ್ಯುಚ್ಚೋರನ ಕಥೆಯನ್ನು ಅಧ್ಯಾಪಕರೆಲ್ಲರೂ ಪಾಠಮಾಡಿರುವರು. ಕಳ್ಳನನ್ನು ತಾರದಿದ್ದರೆ ಆತನಿಗೆ ಸಲ್ಲುವ ದಂಡನೆ ನಿನಗೇ ಎಂದು ಅರಸನು ತಳಾರನಾದ ಯಮದಂಡನನ್ನು ಗದರಿಸುವನು. ತಳಾರನು ಸಂದೇಹದಿಂದ ಒಬ್ಬ ಕುಷ್ಠರೋಗಿಯನ್ನು ಹಿಡಿದು ಚಿತ್ರಹಿಂಸೆಗೆ ಗುರಿಮಾಡುವನು. ಕಥೆಯಲ್ಲಿ ಆ ರೋಗಿಯು ವೇಷಧಾರಿಯಾದ ಕಳ್ಳನೇ ಆಗಿದ್ದನು. ಲೋಕದಲ್ಲಿ ಯಾವಾಗಲೂ ಹಾಗಾಗದು. ಮೇಲಿನವನ ಒತ್ತಡವು ಕೆಳಗಿನವನಿಗೆ ಎರಡೇ ದಾರಿಗಳನ್ನು ತೋರಿಸುವುದು: ಸಿಕ್ಕಿದವನನ್ನು ಹಿಡಿ, ಇಲ್ಲವೆ ಕಳವೇ ಆಗಲಿಲ್ಲವೆನ್ನು. ಅಪರಾಧಗಳ ಲೆಕ್ಕವು ಕಡಿಮೆಯಾಗಿ ಕಾಣಲೆಂದು ದೂರನ್ನೇ ಬರೆದುಕೊಳ್ಳದಿರುವ ಈ ಕಾಲದ ಅಭ್ಯಾಸವು ಎರಡನೆಯ ದಾರಿಗೆ ಸೇರಿದುದು.

ಪೂರ್ವಶಾಸ್ತ್ರವನ್ನು ಅಳತೆಮೀರಿ ಹೊಗಳುವುದೂ ಸಲ್ಲದು. ಅಲ್ಲಿ ದಂಡವು ವರ್ಣಕ್ಕೆ ತಕ್ಕಂತೆ ಬೇರೆಯಾಗುತ್ತಿದ್ದಿತು. ರಾಜಪುರುಷನ ಮೇಲಣ ದೂರನ್ನು ರಾಜನಲ್ಲಿಯೇ ಹೇಳಬೇಕಾಗಿದ್ದಿತು. ರಾಜನೇ ಕೇಳದಿದ್ದರೆ ಪಾಪಭಯದ ಹೊರತು ಬೇರೆ ಅಂಕುಶವಿರಲಿಲ್ಲ. ಆಳುವವರಿಂದ ಪ್ರತ್ಯೇಕವಾದ ನ್ಯಾಯಾಲಯವು ಆಳುವವರಿಗೇ ಅಪ್ಪಣೆ ಮಾಡಬಹುದೆಂಬುದು ನಮ್ಮ ಸಂವಿಧಾನದಿಂದ ದೃಢಪಟ್ಟ ವಿಶೇಷವು.

೪

ಈಗ ಗ್ರಸನದೋಷದ ಪರಿಹಾರವನ್ನು ವಿಚಾರಿಸುವ. ೧೮೬೧ರಿಂದ ಹಲವು ರೂಪಗಳನ್ನು ತಾಳಿ ಬಂದ ದಂಡಪ್ರಕ್ರಿಯಾ ಸಂಹಿತೆಯ ಸ್ಥಾನದಲ್ಲಿ ೨೦೨೪ರ ಜುಲೈ ೧ರಿಂದ ೨೦೨೩ರ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯು ಆಚರಣೆಯಲ್ಲಿದೆ. ಹಳೆಯ ಸಂಹಿತೆಯ ೧೫೪ನೆಯ ಕಲಮು ಇದರಲ್ಲಿ ೧೭೩ನೆಯದಾಗಿದೆ. ಅಪರಾಧಗಳು ಸಂಜ್ಞೇಯ, ಅಸಂಜ್ಞೇಯ ಎಂದು ದ್ವಿವಿಧ. ಸಂಜ್ಞೇಯದಲ್ಲಿ ಪೊಲೀಸರು ನ್ಯಾಯಾಲಯದ ಅಪ್ಪಣೆಯಿಲ್ಲದೆಯೇ ತನಿಖೆ ಮಾಡಬಹುದು. ಅಸಂಜ್ಞೇಯದಲ್ಲಿ ವಿಷಯವನ್ನು ಪುಸ್ತಕದಲ್ಲಿ ಬರೆದುಕೊಂಡು ದೂರುಗಾರನನ್ನು ಮ್ಯಾಜಿಸ್ಟ್ರೇಟರಲ್ಲಿಗೆ ಕಳುಹಬೇಕು.

ಸಂಜ್ಞೇಯಾಪರಾಧದ ವರ್ತಮಾನವನ್ನು ಬಾಯಿಮಾತಿನಲ್ಲಿ ಹೇಳಿದರೂ ಠಾಣಾಧಿಕಾರಿಯು ಅದನ್ನು ಬರೆಯಿಸಿ, ಓದಿ ಹೇಳಿ, ಸಹಿ ಪಡೆಯಬೇಕು. ವಿದ್ಯುನ್ಮಾನ ಮಾರ್ಗದಿಂದ ಕಳುಹಿದರೆ ಮೂರು ದಿನಗಳೊಳಗೆ ದೂರುಗಾರನು ಬಂದು ಸಹಿ ಹಾಕಬೇಕು. ಅಪರಾಧವು ಯಾವ ಠಾಣೆಯ ಎಲ್ಲೆಯಲ್ಲಿ ನಡೆದಿದ್ದರೂ ಯಾವ ಠಾಣೆಯಲ್ಲಾದರೂ ಹೇಳಬಹುದು. ಪ್ರಥಮ ವರ್ತಮಾನ ವರದಿಯ ಪ್ರತಿಯನ್ನು ಬೆಲೆಯಿಲ್ಲದೆ ಕೊಡತಕ್ಕದ್ದು. ಹೆಂಗಸರ ಮೇಲಣ ಅತ್ಯಾಚಾರ ಮುಂತಾದ ಕೆಲವು ಗುರುತರ ಅಪರಾಧಗಳ ವರ್ತಮಾನವನ್ನು ಬರೆದುಕೊಳ್ಳದ ಅಧಿಕಾರಿಗೆ ಭಾರತೀಯ ನ್ಯಾಯ ಸಂಹಿತೆಯ ೧೯೯ನೆಯ ಕಲಮು ಆರು ತಿಂಗಳಿಗೆ ಕಡಿಮೆಯಿಲ್ಲದ, ಎರಡು ವರ್ಷಗಳವರೆಗಿನ ಕಠಿನ ಸೆರೆವಾಸವನ್ನು ವಿಧಿಸುವುದು. ಕೌಟಿಲ್ಯನ ಲೇಖಕದಂಡವು ಇಲ್ಲಿ ನೆನಪಿಗೆ ಬಾರದಿರದು.

ವರದಿಯನ್ನು ಬರೆಯುವುದು ಅಧಿಕಾರಿಯ ಇಚ್ಛೆಗೆ ಬಿಟ್ಟುದೇ ಎಂಬ ಸಂಶಯವು ಬಹುಕಾಲವಿದ್ದಿತು. ಉತ್ತರಪ್ರದೇಶದ ಬಾಲಕಿಯೊಬ್ಬಳ ಅಪಹರಣದ ದೂರಿನಿಂದ ಹುಟ್ಟಿದ ಲಲಿತಾಕುಮಾರಿ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯದ ಐವರು ನ್ಯಾಯಾಧೀಶರ ಸಂವಿಧಾನಪೀಠವು ೨೦೧೩ರ ನವೆಂಬರ್ ೧೨ರಂದು ಈ ಸಂಶಯವನ್ನು ನಿವಾರಿಸಿತು. ವರ್ತಮಾನದಲ್ಲಿ ಸಂಜ್ಞೇಯಾಪರಾಧವು ಕಂಡುಬಂದರೆ ಬರೆದುಕೊಳ್ಳುವುದು ಕಡ್ಡಾಯ; ಹೇಳಿಕೆಯು ನಂಬತಕ್ಕದ್ದೇ ಎಂಬ ವಿಚಾರವು ತನಿಖೆಯ ಕಾಲಕ್ಕೆ ಸೇರಿದುದು. ಕುಟುಂಬಕಲಹ, ವಾಣಿಜ್ಯ, ವೈದ್ಯರ ಅಜಾಗರೂಕತೆ, ಲಂಚ, ಬಹಳ ತಡವಾಗಿ ಬಂದ ದೂರು ಮುಂತಾದ ಕೆಲವೆಡೆಗಳಲ್ಲಿ ಮಾತ್ರ ಸಂಜ್ಞೇಯಾಪರಾಧವುಂಟೇ ಎಂದರಿಯುವಷ್ಟು ಪ್ರಾಥಮಿಕ ವಿಚಾರಣೆಗೆ ಎಡೆಯಿಟ್ಟಿತು. ಹೊಸ ಸಂಹಿತೆಯು ಇದರ ಜೊತೆಗೆ ಮತ್ತೊಂದು ಎಡೆಯನ್ನು ಕಲ್ಪಿಸಿದೆ. ಮೂರು ವರ್ಷ ಅಥವಾ ಹೆಚ್ಚು, ಆದರೆ ಏಳು ವರ್ಷಗಳಿಗೆ ಕಡಿಮೆ ಶಿಕ್ಷೆಯುಳ್ಳ ಅಪರಾಧಗಳಲ್ಲಿ ಡೆಪ್ಯುಟಿ ಸೂಪರಿಂಟೆಂಡೆಂಟರ ಅನುಮತಿ ಪಡೆದು ಹದಿನಾಲ್ಕು ದಿನಗಳೊಳಗೆ ಅಂಥ ವಿಚಾರಣೆಯನ್ನು ಮುಗಿಸಬಹುದು.

ನಮ್ಮ ಓಲೆಯ ಕಟ್ಟುಗಳ ಪ್ರಶ್ನೆಗೆ ಉತ್ತರವೂ ಇಲ್ಲಿಯೇ ದೊರೆಯಿತು. ೫,೦೦೦ ರೂಪಾಯಿಗೆ ಕಡಿಮೆ ಬೆಲೆಯ ವಸ್ತುವಿನ ಸಾಮಾನ್ಯ ಕಳವನ್ನು ಹೊಸ ಸಂಹಿತೆಯ ಅನುಸೂಚಿಯು ಅಸಂಜ್ಞೇಯವೆಂದು ಎಣಿಸಿದೆ. ಆದುದರಿಂದ ಅಧಿಕಾರಿಯ ಪ್ರಶ್ನೆಗೆ ಆಧಾರವಿರಲಿಲ್ಲವೆಂದು ಹೇಳಲಾಗದು. ಆದರೆ ವಾಸದ ಮನೆಯಲ್ಲಾಗಲಿ ವಸ್ತುಗಳನ್ನು ಕಾಪಾಡುವ ಕಟ್ಟಡದಲ್ಲಾಗಲಿ ನಡೆದ ಕಳವು ನ್ಯಾಯ ಸಂಹಿತೆಯ ೩೦೫ನೆಯ ಕಲಮಿಗೆ ಸೇರುವುದು. ಅಲ್ಲಿ ಬೆಲೆಯ ಮಾತಿಲ್ಲ, ಏಳು ವರ್ಷಗಳವರೆಗೆ ಶಿಕ್ಷೆಯುಂಟು, ಅದು ಸಂಜ್ಞೇಯ. ಅಟ್ಟದ ಪೆಟ್ಟಿಗೆಯಿಂದ ಹೋದ ಓಲೆಗೂ ಚಿನ್ನದ ಒಡವೆಗೂ ಈ ಕಲಮಿನಲ್ಲಿ ಭೇದವಿಲ್ಲ. ಗ್ರಂಥಾಲಯ, ಮಠ, ಪಾಠಶಾಲೆಗಳಲ್ಲಿ ಹಸ್ತಪ್ರತಿಗಳನ್ನು ಕಾಪಾಡುವವರು ಇದನ್ನು ವಿಶೇಷವಾಗಿ ನೆನಪಿನಲ್ಲಿಡತಕ್ಕದ್ದು.

೫

ಠಾಣೆಯಲ್ಲಿ ದೂರನ್ನು ಸ್ವೀಕರಿಸದಿದ್ದರೆ ನೇರವಾಗಿ ಉಚ್ಚ ನ್ಯಾಯಾಲಯಕ್ಕೆ ಹೋಗಬೇಕೆಂದು ಹಲವರು ತಿಳಿದಿರುವರು. ಶಾಸ್ತ್ರದಲ್ಲಿ ಅಧಿಕಾರಕ್ರಮವಿರುವಂತೆ ಇಲ್ಲಿಯೂ ಮೆಟ್ಟಿಲುಗಳುಂಟು.

ಮೊದಲನೆಯ ಮೆಟ್ಟಿಲು ಠಾಣೆಯಲ್ಲಿ ಲಿಖಿತ ದೂರು ಮತ್ತು ಅದನ್ನು ಕೊಟ್ಟುದಕ್ಕೆ ಗುರುತು. ಸ್ವೀಕೃತಿಯ ಮುದ್ರೆಯೋ ಹಿಂಬರಹವೋ ದೊರೆತರೆ ಒಳ್ಳೆಯದು. ಎರಡನೆಯದು ೧೭೩ನೆಯ ಕಲಮಿನ ೪ನೆಯ ಉಪಕಲಮಿನಂತೆ ದೂರಿನ ಸಾರಾಂಶವನ್ನು ಅಂಚೆಯ ಮೂಲಕ ಪೊಲೀಸ್ ಸೂಪರಿಂಟೆಂಡೆಂಟರಿಗೆ ಕಳುಹುವುದು. ಸಂಜ್ಞೇಯಾಪರಾಧವುಂಟೆಂದು ಅವರಿಗೆ ತೋರಿದರೆ ತಾವೇ ತನಿಖೆ ಮಾಡಬೇಕು, ಇಲ್ಲವೆ ಕೈಕೆಳಗಿನವರಿಂದ ಮಾಡಿಸಬೇಕು. ಅದೂ ಫಲಿಸದಿದ್ದರೆ ಮೂರನೆಯದಾಗಿ ಮ್ಯಾಜಿಸ್ಟ್ರೇಟರಲ್ಲಿ ಅರ್ಜಿ. ಅದಕ್ಕೆ ಪ್ರಮಾಣಪತ್ರವು ಜೊತೆಗಿರಲೇಬೇಕು. ನ್ಯಾಯಾಲಯಕ್ಕೆ ದ್ವೇಷದ ಅರ್ಜಿಗಳು ಹರಿದುಬರುವುದನ್ನು ಕಂಡು ಪ್ರಿಯಾಂಕಾ ಶ್ರೀವಾಸ್ತವ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯವು ೨೦೧೫ರಲ್ಲಿ ಈ ನಿಯಮವನ್ನು ಹಾಕಿತು. ಹಿಂದಣ ಎರಡು ಮೆಟ್ಟಿಲುಗಳನ್ನು ಹತ್ತಿರುವುದಕ್ಕೆ ಆಧಾರವನ್ನೂ ಕೇಳಿತು. ಹೊಸ ಸಂಹಿತೆಯ ೧೭೫ನೆಯ ಕಲಮಿನಲ್ಲಿ ಪ್ರಮಾಣಪತ್ರವು ವಿಧಿಯಾಗಿಯೇ ಸೇರಿದೆ. ಮ್ಯಾಜಿಸ್ಟ್ರೇಟರು ಅಗತ್ಯವೆನಿಸಿದ ವಿಚಾರಣೆಯನ್ನು ನಡೆಸಿ, ಪೊಲೀಸರು ಹೇಳುವುದನ್ನೂ ಆಲಿಸಿ, ತನಿಖೆಗೆ ಅಪ್ಪಣೆ ಮಾಡಬಹುದು.

ಸಾಕ್ಷಿಗಳೆಲ್ಲರೂ ದೂರುಗಾರನ ಕೈಯಲ್ಲಿಯೇ ಇದ್ದು ಪೊಲೀಸರ ಶೋಧನೆ ಬೇಡವಾದ ಪಕ್ಷದಲ್ಲಿ ೨೨೩ನೆಯ ಕಲಮಿನಂತೆ ಖಾಸಗಿ ಫಿರ್ಯಾದನ್ನು ಹೂಡಬಹುದು. ಮ್ಯಾಜಿಸ್ಟ್ರೇಟರು ಫಿರ್ಯಾದಿಯನ್ನು ಪ್ರಮಾಣಪೂರ್ವಕವಾಗಿ ವಿಚಾರಿಸುವರು. ಅಪರಾಧವನ್ನು ಗಣನೆಗೆ ತೆಗೆದುಕೊಳ್ಳುವ ಮೊದಲು ಆರೋಪಿತನಿಗೂ ಮಾತನಾಡಲು ಅವಕಾಶ ಕೊಡಬೇಕೆಂಬುದು ಹೊಸ ಸಂಹಿತೆಯ ವಿಶೇಷ. ಆದರೆ ಕಳ್ಳನಾರೆಂದೇ ತಿಳಿಯದಿರುವಾಗ ಈ ಮಾರ್ಗದಿಂದ ಪ್ರಯೋಜನವು ಸ್ವಲ್ಪ.

ದೂರನ್ನು ಬರೆದುಕೊಂಡು ಸುಮ್ಮನೆ ಕುಳಿತರೆ? ಅದೂ ಗ್ರಸನವೇ, ನುಂಗದೆ ಬಾಯಲ್ಲಿಟ್ಟುಕೊಂಡಂತೆ. ರೈಲುನಿಲ್ದಾಣದಲ್ಲಿ ಶವವಾಗಿ ದೊರೆತ ಸೇನಾಧಿಕಾರಿಯೊಬ್ಬನ ತಂದೆ ಹೂಡಿದ ಸಾಕಿರಿ ವಾಸು ಮೊಕದ್ದಮೆಯಲ್ಲಿ ೨೦೦೭ರಲ್ಲಿ ಸರ್ವೋಚ್ಚ ನ್ಯಾಯಾಲಯವು, ಸರಿಯಾದ ತನಿಖೆ ನಡೆಯುವಂತೆ ನೋಡಿಕೊಳ್ಳುವ ಅಧಿಕಾರವೂ ಮ್ಯಾಜಿಸ್ಟ್ರೇಟರಿಗೇ ಉಂಟೆಂದೂ, ಉಚ್ಚ ನ್ಯಾಯಾಲಯಗಳು ಸಾಮಾನ್ಯವಾಗಿ ಇಂಥವರನ್ನು ಮೊದಲು ಅಲ್ಲಿಗೇ ಕಳುಹಬೇಕೆಂದೂ ಹೇಳಿತು. ತನಿಖೆಯ ಪ್ರಗತಿಯನ್ನು ತೊಂಬತ್ತು ದಿನಗಳೊಳಗೆ ದೂರುಗಾರನಿಗೆ ತಿಳಿಸಬೇಕೆಂದು ೧೯೩ನೆಯ ಕಲಮು ಈಗ ವಿಧಿಸಿರುವುದರಿಂದ ಆ ಅವಧಿ ಮೀರಿದರೆ ಅರ್ಜಿಗೆ ಬಲ ಹೆಚ್ಚುವುದು. ಈ ಮಾರ್ಗಗಳು ಸಾಲದ ಪಕ್ಷದಲ್ಲಿ ಸಂವಿಧಾನದ ೨೨೬ನೆಯ ಅನುಚ್ಛೇದದಂತೆ ಉಚ್ಚ ನ್ಯಾಯಾಲಯದಲ್ಲಿ ಪರಮಾದೇಶದ ರಿಟ್ ಅರ್ಜಿ. ಕರ್ತವ್ಯವನ್ನು ಮಾಡೆಂದು ಅಧಿಕಾರಿಗೆ ಕೊಡುವ ಅಪ್ಪಣೆಯೇ ಪರಮಾದೇಶವು.

೬

ಉತ್ಪಾದನದೋಷಕ್ಕೆ ಪರಿಹಾರಗಳು ಪೀಡೆಯ ರೂಪವನ್ನು ಅನುಸರಿಸಿ ಬೇರೆಬೇರೆ.

ಒಂದನೆಯದು, ಕಾರಣವಿಲ್ಲದೆ ಕರೆಯುವುದು. ಸಾಕ್ಷಿಯನ್ನು ಕರೆಯಬೇಕಾದರೆ ೧೭೯ನೆಯ ಕಲಮಿನಂತೆ ಲಿಖಿತ ಆಜ್ಞೆ ಬೇಕು. ಹದಿನೈದು ವರ್ಷಕ್ಕೆ ಕಡಿಮೆ ಅಥವಾ ಅರುವತ್ತಕ್ಕೆ ಮೇಲ್ಪಟ್ಟ ಗಂಡಸನ್ನೂ, ಯಾವ ಹೆಂಗಸನ್ನೂ, ಅಂಗವೈಕಲ್ಯ ಅಥವಾ ತೀವ್ರರೋಗವುಳ್ಳವರನ್ನೂ ಅವರ ಮನೆಯ ಹೊರತು ಬೇರೆಡೆಗೆ ಬರಹೇಳಕೂಡದು. ಮಿತಾಕ್ಷರೆಯ ಅನಾಹ್ವಾನೀಯರ ಪಟ್ಟಿಯೊಡನೆ ಇದನ್ನು ಹೋಲಿಸಿದರೆ ಎರಡರ ಹೃದಯವೂ ಒಂದೇ ಎಂಬುದು ಸ್ಪಷ್ಟವಾಗುವುದು. ಆರೋಪಿತನೆಂದು ಶಂಕಿಸಿ ಕರೆಯುವಾಗ ೩೫ನೆಯ ಕಲಮಿನ ನೋಟೀಸು ಬೇಕು. ಅದನ್ನು ವಾಟ್ಸ್‌ಆಪ್ ಮೂಲಕ ಕಳುಹಿದರೆ ಸಲ್ಲದೆಂದು ಸರ್ವೋಚ್ಚ ನ್ಯಾಯಾಲಯವು ೨೦೨೫ರ ಜನವರಿಯಲ್ಲಿ ಹೇಳಿದೆ.

ಎರಡನೆಯದು, ಬಂಧನ. ಅಧಿಕಾರವುಂಟೆಂಬ ಮಾತ್ರಕ್ಕೆ ಬಂಧಿಸಕೂಡದು, ಬಂಧಿಸುವುದಕ್ಕೆ ಸಕಾರಣವಿರಬೇಕೆಂದು ಜೋಗಿಂದರ್ ಕುಮಾರ್ ಮೊಕದ್ದಮೆಯು ೧೯೯೪ರಲ್ಲಿಯೂ, ಏಳು ವರ್ಷಗಳವರೆಗಿನ ಶಿಕ್ಷೆಯ ಅಪರಾಧಗಳ ವಿಷಯದಲ್ಲಿ ಅರ್ನೇಶ್ ಕುಮಾರ್ ಮೊಕದ್ದಮೆಯು ೨೦೧೪ರಲ್ಲಿಯೂ ನಿರ್ಣಯಿಸಿದುವು. ಬಂಧಿಸಿದವರ ಹೆಸರಿನ ಗುರುತು, ಸಾಕ್ಷಿಯ ಸಹಿಯುಳ್ಳ ಬಂಧನಪತ್ರ, ಬಂಧುಗಳಿಗೆ ಸುದ್ದಿ, ನಲವತ್ತೆಂಟು ಗಂಟೆಗೊಮ್ಮೆ ವೈದ್ಯಪರೀಕ್ಷೆ ಮುಂತಾದ ಹನ್ನೊಂದು ನಿಯಮಗಳನ್ನು ಡಿ. ಕೆ. ಬಸು ಮೊಕದ್ದಮೆಯು ೧೯೯೬ರಲ್ಲಿ ವಿಧಿಸಿತು. ಪ್ರಯಾಣಕಾಲವನ್ನು ಬಿಟ್ಟು ಇಪ್ಪತ್ತನಾಲ್ಕು ಗಂಟೆಗಳೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸದಿದ್ದರೆ, ಇಲ್ಲವೆ ಬಂಧಿಸಿರುವುದನ್ನೇ ಮರೆಮಾಚಿದರೆ, ಹೇಬಿಯಸ್ ಕಾರ್ಪಸ್ ಅರ್ಜಿಗೆ ಎಡೆಯುಂಟು. ಇಲ್ಲಿ ಮೆಟ್ಟಿಲುಗಳನ್ನು ಏರುತ್ತ ಕೂರಬೇಕಾಗಿಲ್ಲ. ನೇರವಾಗಿ ಉಚ್ಚ ನ್ಯಾಯಾಲಯವನ್ನೇ ಮರೆಹೊಗಬಹುದು. ಬಂಧನದ ಭಯವಿದ್ದರೆ ೪೮೨ನೆಯ ಕಲಮಿನ ನಿರೀಕ್ಷಣಾ ಜಾಮೀನು ಇದೆ.

ಮೂರನೆಯದು, ಕಾವಲಿನ ನೆಪದಿಂದ ಕಾಡುವುದು. ೧೯೪೧ರಲ್ಲಿ ಡಕಾಯಿತಿಯ ಆರೋಪ ಬಂದು ಸಾಕ್ಷ್ಯವಿಲ್ಲದೆ ಬಿಡುಗಡೆಯಾದ ಖರಕ್ ಸಿಂಗ್ ಎಂಬಾತನ ಬಾಗಿಲನ್ನು ಪೊಲೀಸರು ರಾತ್ರಿಗಳಲ್ಲಿ ತಟ್ಟುತ್ತಿದ್ದರು. ಇಂಥ ರಾತ್ರಿಭೇಟಿಯು ೨೧ನೆಯ ಅನುಚ್ಛೇದಕ್ಕೆ ವಿರುದ್ಧವೆಂದು ಸರ್ವೋಚ್ಚ ನ್ಯಾಯಾಲಯವು ೧೯೬೨ರಲ್ಲಿ ಹೇಳಿತಾದರೂ ಗೋಪ್ಯತೆಯು ಮೂಲಭೂತ ಹಕ್ಕೆಂದು ಆಗ ಒಪ್ಪಲಿಲ್ಲ. ಕರ್ನಾಟಕ ಉಚ್ಚ ನ್ಯಾಯಾಲಯದ ವಿಶ್ರಾಂತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರು ಹೂಡಿದ ಮೊಕದ್ದಮೆಯಲ್ಲಿ ಒಂಬತ್ತು ನ್ಯಾಯಾಧೀಶರ ಪೀಠವು ೨೦೧೭ರಲ್ಲಿ ಆ ಕೊರತೆಯನ್ನು ತುಂಬಿತು.

ನಾಲ್ಕನೆಯದು, ಸುಳ್ಳು ಮೊಕದ್ದಮೆ. ಹೇಳಿದುದನ್ನೆಲ್ಲ ನಿಜವೆಂದು ಹಿಡಿದರೂ ಅಪರಾಧವೇ ಕಾಣದಿದ್ದರೆ, ಅಥವಾ ದ್ವೇಷಕ್ಕಾಗಿಯೇ ಹೂಡಿದುದು ಸ್ಪಷ್ಟವಾಗಿದ್ದರೆ, ೫೨೮ನೆಯ ಕಲಮಿನ ಅಂತರ್ನಿಹಿತ ಅಧಿಕಾರದಿಂದ ಉಚ್ಚ ನ್ಯಾಯಾಲಯವು ಅದನ್ನು ರದ್ದುಮಾಡಬಹುದು. ಇದಕ್ಕೆ ಅಳತೆಗೋಲಾಗಿ ಏಳು ಬಗೆಗಳನ್ನು ೧೯೯೦ರ ಭಜನ್‌ಲಾಲ್ ತೀರ್ಪು ಎಣಿಸಿದೆ.

ಅಧಿಕಾರಿಯ ಮೇಲೆಯೇ ಮೊಕದ್ದಮೆ ಹೂಡುವುದಕ್ಕೆ ತೊಡಕುಗಳುಂಟು. ಕರ್ತವ್ಯಸಂಬಂಧವಾದ ಕೃತ್ಯವಾದರೆ ಸರ್ಕಾರದ ಅನುಮತಿ ಬೇಕು. ಕರ್ತವ್ಯದ ಮಿತಿಯನ್ನು ಮೀರಿದ್ದರೂ ಅದರೊಡನೆ ಯುಕ್ತವಾದ ಸಂಬಂಧವಿದ್ದರೆ ಅನುಮತಿ ಬೇಕೆಂದು ಕರ್ನಾಟಕದಿಂದ ಹೋದ ಮೊಕದ್ದಮೆಯೊಂದರಲ್ಲಿ ೨೦೨೦ರಲ್ಲಿ ತೀರ್ಪಾಗಿದೆ. ಈಗ ೨೧೮ನೆಯ ಕಲಮಿನಂತೆ ೧೨೦ ದಿನಗಳೊಳಗೆ ಸರ್ಕಾರವು ತೀರ್ಮಾನಿಸದಿದ್ದರೆ ಅನುಮತಿ ಕೊಟ್ಟಂತೆಯೇ ಸರಿ. ಇಷ್ಟಲ್ಲದೆ ೨೦೦೬ರ ಪ್ರಕಾಶ್ ಸಿಂಗ್ ತೀರ್ಪನ್ನು ಅನುಸರಿಸಿ ಪೊಲೀಸರ ಮೇಲಣ ದೂರುಗಳಿಗಾಗಿಯೇ ರಾಜ್ಯ ಮತ್ತು ಜಿಲ್ಲಾ ಪ್ರಾಧಿಕಾರಗಳನ್ನು ಕರ್ನಾಟಕದ ೨೦೧೨ರ ತಿದ್ದುಪಡಿ ಶಾಸನವು ಕಲ್ಪಿಸಿದೆ. ಠಾಣೆಗಳಲ್ಲೆಲ್ಲ ಕ್ಯಾಮರಾಗಳಿರಬೇಕು, ಚಿತ್ರಗಳನ್ನು ಹದಿನೆಂಟು ತಿಂಗಳು, ಕಡೆಗೆ ಒಂದು ವರ್ಷವಾದರೂ ಕಾಪಾಡಬೇಕೆಂದು ೨೦೨೦ರ ಪರಮ್‌ವೀರ್ ಸಿಂಗ್ ಸೈನಿ ತೀರ್ಪು ವಿಧಿಸಿರುವುದರಿಂದ, ಪೀಡೆಯಾದವನು ತಡಮಾಡದೆ ಆ ಚಿತ್ರಗಳನ್ನು ಕಾದಿರಿಸುವಂತೆ ಬೇಡತಕ್ಕದ್ದು.

ಪರಿಹಾರಧನದ ವಿಷಯದಲ್ಲಿ ನೀಲಬತಿ ಬೆಹೆರಾ ತೀರ್ಪು ಸ್ಮರಣೀಯ. ಒರಿಸ್ಸಾದ ತಾಯಿಯೊಬ್ಬಳು ಪೊಲೀಸರ ವಶದಲ್ಲಿ ಮಡಿದ ಮಗನಿಗಾಗಿ ಬರೆದ ಕಾಗದವನ್ನೇ ಅರ್ಜಿಯೆಂದು ಭಾವಿಸಿ ಸರ್ವೋಚ್ಚ ನ್ಯಾಯಾಲಯವು ೧೯೯೩ರಲ್ಲಿ ೧,೫೦,೦೦೦ ರೂಪಾಯಿಗಳನ್ನು ಸರ್ಕಾರದಿಂದ ಕೊಡಿಸಿತು. ಕಾಯಲಾರದ ರಾಜನು ಕಳೆದುದನ್ನು ತುಂಬಿಕೊಡಬೇಕೆಂಬ ಯಾಜ್ಞವಲ್ಕ್ಯನ ತತ್ತ್ವವು ಬೇರೊಂದು ದಾರಿಯಿಂದ ಬಂದು ಇಲ್ಲಿ ನಿಂತಂತಿದೆ. ಮಗನಿಗೆ ಬೆಲೆ ಕಟ್ಟಲಾಗದೆಂಬುದು ಬೇರೆ ಮಾತು.

೭

ಕೊನೆಯದಾಗಿ ಅನುಭವದಿಂದ ಕಲಿತ ಎರಡು ಮಾತುಗಳು. ಸುಳ್ಳು ವರ್ತಮಾನ ಕೊಡುವುದೂ ಅಪರಾಧವೇ ಆದುದರಿಂದ, ದೂರಿನಲ್ಲಿ ಕಂಡುದನ್ನು ಕಂಡಂತೆಯೂ ಊಹೆಯನ್ನು ಊಹೆಯೆಂದೂ ಬರೆಯಬೇಕು, ತೇದಿ, ಹೊತ್ತು, ಸ್ಥಳಗಳಿರಬೇಕು, ವಿಶೇಷಣಗಳನ್ನು ಬಿಡಬೇಕು. ವಕೀಲರಿಗೆ ಕೊಡಲು ಹಣವಿಲ್ಲದ ಹೆಂಗಸರು, ಮಕ್ಕಳು, ಪರಿಶಿಷ್ಟ ಜಾತಿ ಪಂಗಡಗಳವರು, ಬಂಧನದಲ್ಲಿರುವವರು ೧೯೮೭ರ ಕಾನೂನು ಸೇವಾ ಪ್ರಾಧಿಕಾರಗಳ ಶಾಸನದಂತೆ ವರಮಾನದ 



ವಿಚಾರವಿಲ್ಲದೆಯೇ ಉಚಿತ ನೆರವಿಗೆ ಅರ್ಹರು.

ನಮ್ಮ ಸಂಗತಿಯು ಮೂರನೆಯ ಮೆಟ್ಟಿಲಿನವರೆಗೂ ಹೋಯಿತು. ಮ್ಯಾಜಿಸ್ಟ್ರೇಟರ ಅಪ್ಪಣೆಯಾದ ಮೇಲೆ ವರದಿ ದಾಖಲಾಯಿತು. ೧೭೯ನೆಯ ಕಲಮನ್ನು ಉದಾಹರಿಸಿ ಬರೆದ ಒಂದು ಕಾಗದದಿಂದ ಅಣ್ಣನವರಿಗೆ ಕರೆ ಬರುವುದೂ ನಿಂತಿತು. ತನಿಖೆಯಲ್ಲಿ ಒಂದು ಕಟ್ಟು ಗುಜರಿ ಅಂಗಡಿಯೊಂದರಲ್ಲಿ ಸಿಕ್ಕಿತು. ಅದು ನಮ್ಮದೇ ಎಂದು ತೋರಿಸಲು ಸಾಧ್ಯವಾದುದು, ನಮ್ಮ ತಂದೆಯವರು ಗರಿಗಳ ಸಂಖ್ಯೆ, ಅಳತೆ, ಆದ್ಯಂತ ಪಂಕ್ತಿಗಳನ್ನು ಒಂದು ಪುಸ್ತಕದಲ್ಲಿ ಬರೆದಿಟ್ಟಿದ್ದುದರಿಂದ. ಉಳಿದೆರಡಕ್ಕೆ ಅಂಥ ವಿವರಣೆಯಿರಲಿಲ್ಲ. ಅವು ಇನ್ನೂ ಸಿಕ್ಕಿಲ್ಲ. ಸಿಕ್ಕರೂ ನಮ್ಮವೆಂದು ಸಾಧಿಸುವುದು ಕಷ್ಟ. ಹಸ್ತಪ್ರತಿಗಳುಳ್ಳ ವಾಚಕಮಹಾಶಯರು ಈ ಸಂಚಿಕೆಯನ್ನು ಕೆಳಗಿಡುವ ಮೊದಲು ಅಂಥ ಪಟ್ಟಿಯೊಂದನ್ನು ಆರಂಭಿಸಿದರೆ ನನ್ನ ಶ್ರಮವು ಸಾರ್ಥಕವು. ದೊರೆತ ಕಟ್ಟು ಮುದ್ದೆಮಾಲೆಂಬ ಚೀಟಿಯನ್ನು ಧರಿಸಿ ನ್ಯಾಯಾಲಯದ ಅಪ್ಪಣೆಯಿಂದ ಮನೆಗೆ ಬಂದಿದೆ. ಆ ಚೀಟಿಯನ್ನು ನಾನು ಕಿತ್ತಿಲ್ಲ.